ತೊಳೆದುಕೊಂಡು ಬನ್ನಿ

ಅವನು ಬಿದ್ದ ಜಾಗದಿಂದ ಎಮರ್ಜೆನ್ಸಿ ವಾರ್ಡಿನ ಬಾಗಿಲಿಗೆ ಅರವತ್ತೆರಡು ಹೆಜ್ಜೆ. ಆಮೇಲೆ ನಾನೇ ಅಳೆದು ನೋಡಿದೆ. ಅವನ ಎದೆಬಡಿತ ನಿಂತಿದ್ದಷ್ಟು ಹೊತ್ತೂ ಆ ಅರವತ್ತೆರಡು ಹೆಜ್ಜೆ ದಾಟಿ ಒಬ್ಬರೂ ಬರಲಿಲ್ಲ. ಬಂದದ್ದು ಒಂದು ಮಾತು. ತೊಳೆದುಕೊಂಡು ಬನ್ನಿ.

ನಾನು ಆ ಆಸ್ಪತ್ರೆಯಲ್ಲಿ ನೆಲ ಒರೆಸುವವಳು. ಒಂಬತ್ತು ವರ್ಷ ಒರೆಸಿದೆ. ಬೆಳಿಗ್ಗೆ ಆರಕ್ಕೆ ಹೋದರೆ ಮೂರಕ್ಕೆ ಬಿಡುವುದು. ಆ ಒಂಬತ್ತು ಗಂಟೆಯಲ್ಲಿ ನನ್ನ ಬಾಯಿಂದ ಬರುತ್ತಿದ್ದದ್ದು ಒಂದೇ ಮಾತು: "ಸ್ವಲ್ಪ ಸರೀರಿ, ಜಾರುತ್ತೆ." ಯಾರೂ ಸರಿಯುತ್ತಿರಲಿಲ್ಲ. ಒದ್ದೆ ನೆಲದ ಮೇಲೇ ಬೂಟು ಊರಿಕೊಂಡು ಹೋಗುತ್ತಿದ್ದರು. ನಾನು ಮತ್ತೆ ಹಿಂದಕ್ಕೆ ಹೋಗಿ ಒರೆಸುತ್ತಿದ್ದೆ. ಒರೆಸುವ ಬಟ್ಟೆ ಹಿಂಡಿ ಹಿಂಡಿ ಬಲಗೈಯ ಎರಡು ಬೆರಳು ಸೊಟ್ಟಗಾಗಿವೆ. ಗಂಡ ಬಿಟ್ಟುಹೋಗಿ ಎಷ್ಟೋ ವರ್ಷವಾಯಿತು. ಮಗಳು ಮದುವೆಯಾಗಿ ಬೇರೆ ಊರಲ್ಲಿದ್ದಾಳೆ. ಅವಳ ಮಗುವಿಗೆ ಜ್ವರ ಬಂದರೆ ಫೋನ್ ಮಾಡುತ್ತಾಳೆ. ಮಗು ಗಟ್ಟಿಮುಟ್ಟಾಗಿದೆ. ಫೋನು ಅಪರೂಪ. ಟಯರ್ ಅಂಗಡಿಯ ಮೇಲಿನ ಒಂದು ಕೋಣೆ ನನ್ನದು. ಸಂಜೆ ಅಲ್ಲಿಗೆ ಹೋಗಿ ಬಾಗಿಲು ಹಾಕಿಕೊಂಡರೆ ಮತ್ತೆ ಬೆಳಿಗ್ಗೆಯೇ ಮನುಷ್ಯರ ಮುಖ.

ಬಿದ್ದವನನ್ನು ಎಲ್ಲರೂ ಪಂಪು ಎನ್ನುತ್ತಿದ್ದರು. ಆಸ್ಪತ್ರೆಯ ಹಿಂದೆ ಒಂದು ಗುಂಡಿಯಿದೆ. ವಾರ್ಡು, ಕಕ್ಕಸು, ಆಪರೇಷನ್ ಕೋಣೆ, ಎಲ್ಲ ಕಡೆಯ ಕೊಳೆ ನೀರು ಬಂದು ಅದರಲ್ಲಿ ಬೀಳುತ್ತದೆ. ನೀರನ್ನು ಊರ ಚರಂಡಿಗೆ ತಳ್ಳಲು ಗುಂಡಿಯೊಳಗೆ ಒಂದು ಕರೆಂಟಿನ ಪಂಪು. ಹತ್ತಿ, ಬ್ಯಾಂಡೇಜು, ಕೈಗವಸು, ಮಕ್ಕಳ ಡೈಪರು ಸಿಕ್ಕಿಕೊಂಡು ಅದು ವಾರಕ್ಕೆರಡು ಸಲ ಕಟ್ಟಿಕೊಳ್ಳುತ್ತದೆ. ಆಗ ಇವನ ಸೊಂಟಕ್ಕೆ ಹಗ್ಗ ಕಟ್ಟಿ ಇಳಿಸುತ್ತಾರೆ. ಇವನು ಎದೆಮಟ್ಟದ ನೀರಲ್ಲಿ ನಿಂತು ಕೈಯಲ್ಲಿ ಕಿತ್ತು ಕಿತ್ತು ಮೇಲಕ್ಕೆ ಎಸೆಯುತ್ತಾನೆ. ವಯಸ್ಸು ಮೂವತ್ತೈದೋ ಮೂವತ್ತಾರೋ. ಕಟ್ಟಿಕೊಂಡವರಿಲ್ಲ, ಕೇಳುವವರಿಲ್ಲ.

ಊಟದ ಹೊತ್ತಿಗೆ ನಾನು ಹಿಂಬಾಗಿಲ ಮೆಟ್ಟಿಲ ಮೇಲೆ ಡಬ್ಬಿ ಬಿಚ್ಚುತ್ತಿದ್ದೆ. ಅವನು ಬಾಯ್ಲರ್ ಕೋಣೆಯ ಗೋಡೆಗೆ ಒರಗಿ ಕೂರುತ್ತಿದ್ದ. ನಡುವೆ ಹತ್ತು ಮಾರು. ಅಷ್ಟು ದೂರದಿಂದಲೇ ನಮ್ಮ ಮಾತು. ಗಾಳಿ ಅವನ ಕಡೆಯಿಂದ ನನ್ನ ಕಡೆಗೆ ಬೀಸಿದರೆ ಅವನೇ ಏಳುತ್ತಿದ್ದ.

"ಅಕ್ಕಾ, ಗಾಳಿ ತಿರುಗ್ತು. ಇರಿ, ಆ ಕಡೆ ಹೋಗ್ತೀನಿ. ನಿಮ್ಮ ಊಟ ಕೆಡೋದು ಬೇಡ."

"ಕೂತ್ಕೊಳಪ್ಪ, ಪರವಾಗಿಲ್ಲ."

"ನಿಮಗೆ ಪರವಾಗಿಲ್ಲ. ನನಗೇ ನನ್ನ ವಾಸನೆ ತಡೆಯೋಕಾಗ್ತಿಲ್ಲ." ಹೀಗೆಂದು ತಾನೇ ನಗುತ್ತಿದ್ದ.

ಆಸ್ಪತ್ರೆಯಲ್ಲಿ ತನ್ನ ಜೊತೆ ಮೂಗು ಮುಚ್ಚಿಕೊಳ್ಳದೆ ಮಾತಾಡುವುದು ನಾನೊಬ್ಬಳೇ ಎಂದು ಅವನು ಹೇಳಿದ್ದ. ನಿಜ ಹೇಳುತ್ತೇನೆ. ನಾನೂ ಎದ್ದು ಹೋಗಿ ಅವನ ಪಕ್ಕದಲ್ಲಿ ಕೂತವಳಲ್ಲ. ಆ ಹತ್ತು ಮಾರನ್ನು ನಾನೂ ಕಾಪಾಡಿಕೊಂಡೇ ಬಂದಿದ್ದೆ.

ಪಂಪಿನ ವೈರಿನ ವಿಷಯ ಅವನು ನನಗೆ ಹೇಳಿದ್ದು ಹಾಗೇ ದೂರದಿಂದ. "ಈಚೆಗೆ ಪಂಪು ಮುಟ್ಟಿದ್ರೆ ಕಚಗುಳಿ ಇಡುತ್ತೆ ಅಕ್ಕಾ. ವೈರಿನ ಸಿಪ್ಪೆ ಎಲ್ಲೋ ಬಿಚ್ಚಿಕೊಂಡಿದೆ."

"ಸೂಪರ್‌ವೈಸರಿಗೆ ಹೇಳಿದ್ಯಾ?"

"ಮೂರು ಸಲ ಹೇಳ್ದೆ. ಬೂಟು ಹಾಕ್ಕೊಂಡು ಇಳಿ ಅಂತಾರೆ. ಬೂಟಲ್ಲೇ ತೂತಿದೆ."

ಇನ್ನೊಂದು ವಿಷಯ ಹೇಳಬೇಕು. ಆಸ್ಪತ್ರೆಯ ನೆಲಮಾಳಿಗೆಯಲ್ಲಿ ತರಬೇತಿ ಹಾಲ್ ಇದೆ. ತಿಂಗಳಿಗೆ ಎರಡು ದಿನ ಅಲ್ಲಿ ಎದೆ ನಿಂತವರನ್ನು ಬದುಕಿಸುವುದು ಹೇಗೆಂದು ಕಲಿಸುತ್ತಾರೆ. ನರ್ಸುಗಳು, ಕ್ಲರ್ಕುಗಳು, ಸ್ಟ್ರೆಚರ್ ತಳ್ಳುವವರು, ಕ್ಯಾಂಟೀನಿನ ಮ್ಯಾನೇಜರು, ಎಲ್ಲರೂ ಕಲಿಯಬೇಕು. ಗುತ್ತಿಗೆಯವರಿಗಿಲ್ಲ. ನಾವು ಗುತ್ತಿಗೆಯವರು. ನನ್ನ ಕೆಲಸ ಹಾಲಿನ ನೆಲ ಒರೆಸುವುದು, ಆಮೇಲೆ ರಬ್ಬರ್ ಗೊಂಬೆಯ ಬಾಯಿ ಒರೆಸುವುದು. ಒಬ್ಬೊಬ್ಬರೂ ಗೊಂಬೆಯ ಬಾಯಿಗೆ ಬಾಯಿಟ್ಟು ಊದಿದ ಮೇಲೆ ನಾನು ಸ್ಪಿರಿಟ್ ಹತ್ತಿಯಲ್ಲಿ ಅದರ ತುಟಿ ಒರೆಸಬೇಕು. ಒಂದು ದಿನಕ್ಕೆ ನಲವತ್ತು ಸಲ. ಎಲ್ಲರೂ ಹೋದ ಮೇಲೆ ನಾನು ಆ ಗೊಂಬೆಯ ಜೊತೆ ಮಾತಾಡುತ್ತಿದ್ದೆ. "ಇವತ್ತು ನಿನ್ನ ಪಕ್ಕೆಲುಬು ಮುರಿದುಹೋಯ್ತೇನೆ ತಾಯಿ" ಎನ್ನುತ್ತಿದ್ದೆ. ನಗುವಂಥದ್ದೇ. ಅಲ್ಲಿ ಬೇರೆ ಯಾರಿದ್ದರು?

ಕಲಿಸುತ್ತಿದ್ದವರು ಒಬ್ಬ ಹಳೆಯ ಗಂಡು ನರ್ಸು. ಅವರನ್ನು ಮೇಷ್ಟ್ರು ಎನ್ನುತ್ತಿದ್ದರು. ಅವರು ಹೇಳಿದ್ದನ್ನು ನಾನು ಒಂಬತ್ತು ವರ್ಷ ಕೇಳಿದೆ.

"ಹೃದಯಾಘಾತ ಬೇರೆ, ಇದು ಬೇರೆ" ಎನ್ನುತ್ತಿದ್ದರು. "ಹೃದಯಾಘಾತ ಅಂದ್ರೆ ನಲ್ಲಿ ಕಟ್ಟಿಕೊಂಡ ಹಾಗೆ, ರಕ್ತ ಹೋಗಲ್ಲ. ಇದು ತಾಳ ತಪ್ಪೋದು. ಎದೆ ಒಳಗೂ ಒಂದು ಸಣ್ಣ ಕರೆಂಟಿದೆ. ಅದು ಬಡಿ ಅಂದಾಗ ಇಡೀ ಹೃದಯ ಒಟ್ಟಿಗೆ ಬಡಿಯುತ್ತೆ. ಕೆಲವು ಸಲ ಆ ಕರೆಂಟು ಹುಚ್ಚು ಹಿಡಿದ ಹಾಗಾಗುತ್ತೆ. ಹೃದಯದ ಒಂದೊಂದು ಎಳೆಯೂ ತನಗೆ ಬೇಕಾದಾಗ ಎಳೆಯುತ್ತೆ. ಸಂತೆಯಲ್ಲಿ ಎಲ್ಲರೂ ಒಟ್ಟಿಗೆ ಕೂಗಿದ್ರೆ ಯಾರ ಮಾತೂ ಕೇಳಲ್ವಲ್ಲ, ಹಾಗೆ. ಹೃದಯ ನಡುಗುತ್ತೆ, ಬಡಿಯಲ್ಲ. ರಕ್ತ ಒಂದು ಹನಿನೂ ಮುಂದೆ ಹೋಗಲ್ಲ. ಮನುಷ್ಯ ಕುಸಿದು ಬೀಳ್ತಾನೆ. ನಿಮ್ಮ ಕೈಲಿ ಇರೋದು ನಿಮಿಷಗಳು. ಎದೆ ಒತ್ತಿ. ಬಿಡದೆ ಒತ್ತಿ. ಮಿಷನ್ ತಂದು ಷಾಕ್ ಕೊಡಿ. ಷಾಕ್ ಕೊಡೋದು ಹೃದಯ ಶುರು ಮಾಡೋಕಲ್ಲ. ಎಲ್ಲರೂ ಒಂದ್ಸಲ ಬಾಯಿ ಮುಚ್ಚಿ ಅಂತ ಗದರಿಸೋಕೆ. ಸುಮ್ಮನಾದ್ಮೇಲೆ ಅದೇ ತನ್ನ ತಾಳ ಹುಡುಕ್ಕೊಳ್ಳುತ್ತೆ."

ಒಂದು ದಿನ ಹಾಲ್ ಖಾಲಿಯಾದ ಮೇಲೆ ನಾನೇ ಗೊಂಬೆಯ ಎದೆ ಒತ್ತಿ ನೋಡಿದೆ. ಸರಿಯಾಗಿ ಒತ್ತಿದರೆ ಅದು ಟಕ್ ಎನ್ನುತ್ತದೆ. ಟಕ್ ಎಂದಿತು. ತಿರುಗಿ ನೋಡಿದರೆ ಬಾಗಿಲಲ್ಲಿ ಮೇಷ್ಟ್ರು. "ಮೊಣಕೈ ಮಡಿಸ್ಬೇಡಮ್ಮ" ಎಂದಷ್ಟೇ ಹೇಳಿ ಹೋದರು. ಅದೇ ಧೈರ್ಯದಲ್ಲಿ ಮಾರನೆಯ ದಿನ ಸೂಪರ್‌ವೈಸರನ್ನು ಕೇಳಿದೆ. ನಮಗೂ ಕಲಿಸಿ ಎಂದೆ. ಅವನು ನನ್ನ ಕೈ ನೋಡಿದ. ಬಕೆಟ್ ನೋಡಿದ.

"ನೀನು ಯಾರ ಎದೆ ಮುಟ್ತೀಯ? ಯಾರು ಮುಟ್ಟಿಸ್ಕೋತಾರೆ?"

ಪಕ್ಕದಲ್ಲಿದ್ದವರು ನಕ್ಕರು. ನಾನು ಬಕೆಟ್ ಎತ್ತಿಕೊಂಡು ಹೋದೆ.

ಆ ದಿನ ಬೆಳಿಗ್ಗೆ ಹನ್ನೊಂದು ಗಂಟೆ. ಹಿಂಬಾಗಿಲ ಮೋರಿಗೆ ಬಕೆಟ್ ಸುರಿಯುತ್ತಿದ್ದೆ. ಪಂಪು ಗುಂಡಿಯಲ್ಲಿದ್ದ. ಸೂಪರ್‌ವೈಸರು ಹಗ್ಗದ ತುದಿಯನ್ನು ಕಾಲಲ್ಲಿ ಮೆಟ್ಟಿಕೊಂಡು ಫೋನಿನಲ್ಲಿದ್ದ. ಒಳಗಿನವನು ಬೆಳಗಿನಿಂದ ಕಟ್ಟಿಕೊಂಡಿದ್ದೆಲ್ಲ ಕಿತ್ತು ಮೇಲೆ ಹಾಕಿದ್ದ. "ಹಾಕಿ ನೋಡೋಣ" ಎಂದ ಸೂಪರ್‌ವೈಸರು ತಾನೇ ಗೋಡೆಯ ಸ್ವಿಚ್ ಒತ್ತಿದ. ಪಂಪು ಇನ್ನೂ ಗುಂಡಿಯೊಳಗೇ ಇದ್ದ. ಅದು ರೂಢಿ. ಮೇಲೆ ಬಂದು ಮತ್ತೆ ಇಳಿಯಲು ಹೊತ್ತಾಗುತ್ತದೆಂದು.

ಒಂದು ಕೂಗು ಕೇಳಿಸಿತು. ಕೂಗಲ್ಲ, ಅರ್ಧ ಕೂಗು. ಓಡಿ ಬಗ್ಗಿ ನೋಡಿದೆ. ಅವನ ಕೈ ಪಂಪಿಗೆ ಅಂಟಿಕೊಂಡಿತ್ತು. ಮೈ ಕಟ್ಟಿಗೆಯಂತೆ ಸೆಟೆದಿತ್ತು. ಕಣ್ಣು ತೆರೆದಿತ್ತು.

"ಕರೆಂಟು! ಕರೆಂಟು ಹೊಡೀತಿದೆ!"

ಸೂಪರ್‌ವೈಸರು ಕಿವಿಯಿಂದ ಫೋನು ತೆಗೆಯದೆ ನನ್ನನ್ನೇ ನೋಡಿದ. ನೆಲ ಒರೆಸುವ ಕೋಲಿನ ಮರದ ಹಿಡಿಯಿಂದ ನಾನು ಸ್ವಿಚ್ ಬಡಿದು ಕೆಡವಿದೆ. ಗುಂಡಿಯೊಳಗಿನವನ ಕೈ ಬಿಟ್ಟಿತು. ಅವನು ಆ ನೀರೊಳಗೆ ಮುಳುಗಿದ.

ತೋಟ ನೋಡಿಕೊಳ್ಳುವ ಮುದುಕ ಗಿಡಗಳಿಗೆ ನೀರು ಬಿಡುತ್ತಿದ್ದವನು ಪೈಪು ಬಿಸಾಕಿ ಓಡಿಬಂದ. ಇಬ್ಬರೂ ಹಗ್ಗ ಹಿಡಿದು ಎಳೆದೆವು. ಒದ್ದೆ ಹಗ್ಗ, ಅಂಗೈ ಕಿತ್ತುಹೋಯಿತು. ಕೊನೆಗೆ ಸೂಪರ್‌ವೈಸರೂ ಒಂದು ಕೈ ಹಾಕಿದ. ಅವನನ್ನು ಗುಂಡಿಯ ಅಂಚಿನಿಂದಾಚೆ ಎಳೆದು ಮಲಗಿಸಿದೆವು. ತಲೆಯಿಂದ ಕಾಲಿನವರೆಗೆ ಕಪ್ಪು ಲೋಳೆ. ಕೂದಲಲ್ಲಿ ಹತ್ತಿ. ಕೆನ್ನೆ ತಟ್ಟಿದೆ. ಕೂಗಿದೆ. ಏನೂ ಇಲ್ಲ. ಬಾಯಿ ಮಾತ್ರ ಒಮ್ಮೆ ತೆರೆದು ಗೊರ್ ಎಂದಿತು. ಸ್ವಲ್ಪ ಬಿಟ್ಟು ಮತ್ತೆ ಗೊರ್ ಎಂದಿತು.

"ಉಸಿರಾಡ್ತಿದಾನೆ ಬಿಡು" ಎಂದ ಸೂಪರ್‌ವೈಸರು. "ಮೂರ್ಛೆ ಅಷ್ಟೇ."

"ಅದು ಉಸಿರಲ್ಲ. ಎದೆ ನಿಂತೋರು ಹಾಗೇ ಮಾಡೋದು. ಓಡಿ, ಡಾಕ್ಟರನ್ನ ಕರೀರಿ!"

ಸೂಪರ್‌ವೈಸರು ಓಡಿದ. ನಾನು ಮಂಡಿಯೂರಿ ಬಿದ್ದವನ ಎದೆಯ ನಡುವೆ ಅಂಗೈ ಇಟ್ಟೆ. ಮೇಲೆ ಇನ್ನೊಂದು ಅಂಗೈ. ಮೊಣಕೈ ನೆಟ್ಟಗೆ. ಒತ್ತಿದೆ. ಲೋಳೆಗೆ ಕೈ ಜಾರಿತು. ಮತ್ತೆ ಇಟ್ಟು ಒತ್ತಿದೆ. ಹತ್ತೋ ಹನ್ನೆರಡೋ ಆಗುವಷ್ಟರಲ್ಲಿ ಕೈಕೆಳಗೆ ಏನೋ ಮುರಿಯಿತು. ಪಕ್ಕೆಲುಬು. ಗೊಂಬೆಯ ಟಕ್ಕಿನಂತಲ್ಲ ಅದು. ಮುರಿದರೂ ನಿಲ್ಲಿಸಬೇಡಿ ಎಂದು ಮೇಷ್ಟ್ರು ಹೇಳಿದ್ದರು. ನಿಲ್ಲಿಸಲಿಲ್ಲ. ಅವನ ಬಾಯಿಗೆ ಬಾಯಿ ಇಡಲಿಲ್ಲ. ಅದು ನನ್ನಿಂದ ಆಗಲಿಲ್ಲ. ಆ ಬಾಯಿ ನೋಡಿದ್ದರೆ ನಿಮ್ಮಿಂದಲೂ ಆಗುತ್ತಿರಲಿಲ್ಲ. ಕೈಯಂತೂ ಬಿಡಲಿಲ್ಲ.

ಎಮರ್ಜೆನ್ಸಿಯ ಬಾಗಿಲು ತೆರೆಯಿತು. ಸ್ಟ್ರೆಚರ್ ಬಂತು. ಇಬ್ಬರು ತಳ್ಳುವವರು, ಹಿಂದೆ ಒಬ್ಬ ದೊಡ್ಡ ನರ್ಸಮ್ಮ. ಮೂವರನ್ನೂ ನಾನು ಬಲ್ಲೆ. ಮೂವರೂ ಊದಿದ ಮೇಲೆ ಗೊಂಬೆಯ ತುಟಿ ಒರೆಸಿದವಳು ನಾನು. ಬಾಗಿಲ ಹೊರಗೆ ನಾಲ್ಕು ಹೆಜ್ಜೆ ಬಂದರು. ನೋಡಿದರು. ನಿಂತರು. ಒಬ್ಬ ತೋಳಿನಿಂದ ಮೂಗು ಮುಚ್ಚಿಕೊಂಡ.

"ಇದೇನಿದು! ಇವನನ್ನ ಹೀಗೇ ಒಳಗೆ ತರೋಕಾಗಲ್ಲ" ಎಂದರು ನರ್ಸಮ್ಮ. "ಬೇರೆ ಪೇಷಂಟುಗಳಿದಾರೆ, ಇನ್‌ಫೆಕ್ಷನ್ ಆಗುತ್ತೆ. ತೊಳೆದುಕೊಂಡು ಬನ್ನಿ."

"ಎದೆ ನಿಂತಿದೆ!" ಎಂದು ಕೂಗಿದೆ. "ಮಿಷನ್ ತನ್ನಿ, ಇಲ್ಲಿಗೇ ತನ್ನಿ!"

"ಅದನ್ನ ಹೇಳೋಕೆ ನೀನ್ಯಾರು? ಮೊದಲು ತೊಳೀರಿ."

ಬಾಗಿಲು ಮುಚ್ಚಿತು. ಅದು ಮುಚ್ಚಿದ ಸದ್ದು ಇನ್ನೂ ನನ್ನ ಕಿವಿಯಲ್ಲಿದೆ.

ಮುದುಕ ಪಕ್ಕದಲ್ಲೇ ನಿಂತಿದ್ದ. "ತಾತಾ, ಬಾ ಇಲ್ಲಿ" ಎಂದೆ. "ಕೂತ್ಕೋ. ಕೈ ಇಲ್ಲಿಡು. ನಾನು ಮಾಡ್ತಿರೋ ಹಾಗೇ ಮಾಡು. ಜೋರಾಗಿ. ಬೇಗ ಬೇಗ. ಮುರಿದ್ರೂ ನಿಲ್ಲಿಸ್ಬೇಡ. ನಾನು ಬರೋವರೆಗೂ ನಿಲ್ಲಿಸ್ಬೇಡ."

"ನನ್ನ ಕೈಲಾಗುತ್ತೇನಮ್ಮ?"

"ಗುದ್ದಲಿ ಹಿಡಿದ ಕೈ. ಆಗುತ್ತೆ. ಒತ್ತು!"

ಅವನು ಒತ್ತತೊಡಗಿದ. ನಾನು ಓಡಿದೆ. ಮುಂಬಾಗಿಲ ಹಜಾರದ ಗೋಡೆಯ ಮೇಲೆ, ಗಾಜಿನ ಪೆಟ್ಟಿಗೆಯಲ್ಲಿ ಷಾಕ್ ಮಿಷನ್ ಇರುತ್ತದೆ. ಆ ಗಾಜನ್ನು ದಿನವೂ ಉಜ್ಜುವವಳು ನಾನೇ. ಹಜಾರದಲ್ಲಿ ಓಡಾಡಲು ನಮಗೆ ಬೆಳಿಗ್ಗೆ ಏಳರವರೆಗೆ ಮಾತ್ರ ಅನುಮತಿ. ಚಪ್ಪಲಿ ಎಲ್ಲೋ ಕಳಚಿಹೋಗಿತ್ತು. ಬಿಳಿ ನೆಲದ ಮೇಲೆ ನನ್ನ ಕಪ್ಪು ಹೆಜ್ಜೆ ಬೀಳುತ್ತಿತ್ತು. ಜನ ಚೀರಿ ಪಕ್ಕಕ್ಕೆ ಸರಿದರು. ಒಂಬತ್ತು ವರ್ಷದಲ್ಲಿ ಮೊದಲ ಸಲ ಜನ ನನಗೆ ದಾರಿ ಬಿಟ್ಟರು.

ಕಾವಲಿನವನು ಪೆಟ್ಟಿಗೆಯ ಮುಂದೆ ಅಡ್ಡ ನಿಂತ. "ಏ, ಏನ್ ಮಾಡ್ತಿದೀಯ? ಮುಟ್ಬೇಡ ಅದನ್ನ. ಅದು ಎಮರ್ಜೆನ್ಸಿಗೆ!"

ನಗು ಬರುವಂಥ ಮಾತು. ನಗಲು ಹೊತ್ತಿರಲಿಲ್ಲ. ನನ್ನ ಕೊಳೆ ಕೈಯನ್ನು ಅವನ ಬಿಳಿ ಅಂಗಿಯ ಎದುರು ಎತ್ತಿದೆ. ಅವನು ಹಾವು ಕಂಡವನಂತೆ ಹಿಂದಕ್ಕೆ ಹಾರಿದ. ಪೆಟ್ಟಿಗೆ ತೆರೆದೆ. ಅದಕ್ಕೆ ಜೋಡಿಸಿದ್ದ ಎಚ್ಚರಿಕೆಯ ಗಂಟೆ ಕಿರುಚತೊಡಗಿತು. ಮಿಷನ್ ಕಂಕುಳಲ್ಲಿಟ್ಟುಕೊಂಡು ಓಡಿದೆ. ಹಿಂದಿನಿಂದ ಅವನು "ಹಿಡೀರಿ, ಹಿಡೀರಿ" ಎಂದು ಅಟ್ಟಿಸಿಕೊಂಡು ಬಂದ.

ಮುದುಕ ಒತ್ತುತ್ತಲೇ ಇದ್ದ. ಅಳುತ್ತಿದ್ದ, ಒತ್ತುತ್ತಿದ್ದ. ನನ್ನ ತಲೆಗೆ ಕಟ್ಟಿದ್ದ ಬಟ್ಟೆ ಬಿಚ್ಚಿ ಬಿದ್ದವನ ಎದೆ ಒರೆಸಿದೆ. ಒಣಗಿರಬೇಕು, ಇಲ್ಲದಿದ್ದರೆ ಮಿಷನ್ನಿನ ಅಂಟುಪಟ್ಟಿ ಹಿಡಿಯುವುದಿಲ್ಲ. ಒಂದು ಪಟ್ಟಿ ಬಲಗಡೆ ಕೊರಳೆಲುಬಿನ ಕೆಳಗೆ, ಇನ್ನೊಂದು ಎಡಗಡೆ ಕಂಕುಳ ಕೆಳಗೆ. ಮಿಷನ್ ಮಾತಾಡಿತು. ಅದರ ಭಾಷೆ ನನಗೆ ಬರುವುದಿಲ್ಲ. ಆದರೆ ಯಾವ ಮಾತಿನ ನಂತರ ಏನು ಮಾಡಬೇಕೆಂದು ಕಿವಿಗೆ ಗೊತ್ತಿತ್ತು.

"ತಾತಾ, ಕೈ ತೆಗಿ! ಯಾರೂ ಮುಟ್ಬೇಡಿ!"

ದೀಪ ಮಿನುಗುತ್ತಿದ್ದ ಬಟನ್ ಒತ್ತಿದೆ. ಅವನ ಮೈ ಒಮ್ಮೆ ಜಗ್ಗಿ ಬಿತ್ತು. ಮತ್ತೆ ನಾನು ಎದೆ ಒತ್ತಿದೆ. ಎರಡು ನಿಮಿಷ ಎನ್ನುತ್ತಾರೆ. ಎರಡು ನಿಮಿಷ ಎಷ್ಟು ದೊಡ್ಡದೆಂದು ಆವತ್ತು ತಿಳಿಯಿತು. ಹಣೆಯ ಬೆವರು ಅವನ ಮುಖದ ಮೇಲೆ ತೊಟ್ಟಿಕ್ಕಿ ಅಲ್ಲೊಂದು ಇಲ್ಲೊಂದು ಬಿಳಿ ಚುಕ್ಕಿ ಮೂಡಿಸಿತು. ಸುತ್ತ ಜನ ಸೇರಿದ್ದರು. ಕಾವಲಿನವನು ಏದುಸಿರು ಬಿಡುತ್ತ ನಿಂತಿದ್ದ. ಕಿಟಕಿಗಳಲ್ಲಿ ತಲೆಗಳು. ಯಾರೋ ಫೋಟೋ ತೆಗೆಯುತ್ತಿದ್ದರು. ಅಷ್ಟು ಜನರ ನಡುವೆ ಅವನೂ ನಾನೂ ಮುದುಕನೂ ಒಂದು ಬಾವಿಯ ತಳದಲ್ಲಿ ಇದ್ದಂತಿತ್ತು.

ಎರಡನೆಯ ಷಾಕು. ಮತ್ತೆ ಕೈ ಇಟ್ಟೆ. ಒತ್ತುತ್ತಿರುವಾಗಲೇ ಅವನು ನರಳಿದ. ಅವನ ಕೈ ನನ್ನ ಕೈಯನ್ನು ತಳ್ಳಿತು. ಕತ್ತಿನ ಪಕ್ಕಕ್ಕೆ ಬೆರಳಿಟ್ಟೆ. ನನ್ನ ಸೊಟ್ಟ ಬೆರಳ ಕೆಳಗೆ ಅದು ಬಡಿಯುತ್ತಿತ್ತು. ಒಂದು. ಇನ್ನೊಂದು. ಇನ್ನೊಂದು.

ಆಗ ಗುಂಪನ್ನು ಸೀಳಿಕೊಂಡು ಒಬ್ಬ ಚಿಕ್ಕ ಡಾಕ್ಟರಮ್ಮ ಬಂದಳು. ಗಂಟೆಯ ಸದ್ದು ಕೇಳಿ ಮೇಲಿನ ಮಹಡಿಯಿಂದ ಓಡಿಬಂದಿದ್ದಳು. ಆ ಲೋಳೆಯಲ್ಲೇ ಮಂಡಿಯೂರಿದಳು. ಅವನ ಎದೆಗೆ ಕಿವಿಕೊಳವೆ ಇಟ್ಟಳು. "ಬಂದಿದೆ" ಎಂದಳು. "ಯಾರು ಮಾಡಿದ್ದು ಇದನ್ನ?" ಮುದುಕ ನನ್ನ ಕಡೆ ಕೈ ತೋರಿಸಿದ.

ಅಷ್ಟಾದ ಮೇಲೂ ಸ್ಟ್ರೆಚರಿನವರು ಹಾಗೇ ಮುಟ್ಟಲಿಲ್ಲ. ಡಾಕ್ಟರಮ್ಮ ಬೈದರೂ ಮುಟ್ಟಲಿಲ್ಲ. ಸತ್ತು ಬದುಕಿದವನನ್ನು ಗಿಡಕ್ಕೆ ನೀರು ಬಿಡುವ ಪೈಪಿನಿಂದ ತೊಳೆದರು. ಎಮ್ಮೆ ತೊಳೆದ ಹಾಗೆ. ಆಮೇಲೆ ಒಳಗೆ ಕೊಂಡೊಯ್ದರು.

ಮೂರನೆಯ ದಿನ ಡಾಕ್ಟರಮ್ಮ ನನ್ನನ್ನು ಮೆಟ್ಟಿಲ ಹತ್ತಿರ ನಿಲ್ಲಿಸಿದಳು. ಕೈಯಲ್ಲೊಂದು ಉದ್ದನೆಯ ಕಾಗದದ ಪಟ್ಟಿ. ಮಿಷನ್ ತನ್ನ ನೆನಪಿನಲ್ಲಿ ಬರೆದಿಟ್ಟುಕೊಂಡದ್ದಂತೆ. ಮೊದಲು ಮಗು ಪೆನ್ಸಿಲಿನಲ್ಲಿ ಗೀಚಿದಂಥ ಗೆರೆ. ಕೊನೆಗೆ ಒಂದೇ ಅಂತರದಲ್ಲಿ ಎದ್ದುನಿಂತ ಗೆರೆಗಳು.

"ಅವನ ಹೃದಯ ಪರೀಕ್ಷೆ ಮಾಡಿದ್ವಿ" ಎಂದಳು. "ನಲ್ಲಿ ಎಲ್ಲೂ ಕಟ್ಟಿಲ್ಲ. ಕಾಯಿಲೆ ಇಲ್ಲ. ಹೊರಗಿನ ಕರೆಂಟು ಒಳಗಿನ ತಾಳ ಕೆಡಿಸಿದೆ, ಅಷ್ಟೇ. ಅಂಗೈಲಿ ಸುಟ್ಟ ಗಾಯ ಇದೆ. ಕರೆಂಟ್ ಹೊಡೆದು ಅಂತ ನಾನು ಬರೆದಿದೀನಿ."

ಎರಡು ದಿನ ಕಳೆಯಿತು. ಅವಳು ಬರೆದ ವರದಿ ಬದಲಾಯಿತು. ಡಾಕ್ಟರಮ್ಮನನ್ನು ಬೇರೆ ಕಟ್ಟಡಕ್ಕೆ ಹಾಕಿದರು. ದಾರಿಯಲ್ಲಿ ಎದುರಾದಾಗ "ನಾನು ಬರೆದದ್ದು ಅದಲ್ಲ" ಎಂದು ಪಿಸುಗುಟ್ಟಿ ತಲೆ ತಗ್ಗಿಸಿಕೊಂಡು ಹೋದಳು. ಅವಳ ಮೇಲೆ ನನಗೆ ಸಿಟ್ಟಿಲ್ಲ. ಲೋಳೆಯಲ್ಲಿ ಮಂಡಿಯೂರಿದವಳು. ಆದರೆ ಅಲ್ಲಿಗೇ ಅವಳ ಮಂಡಿ ಸೋತಿತು.

ಪಂಪುವನ್ನು ನೋಡಲು ನನ್ನನ್ನು ಬಿಡಲಿಲ್ಲ. ನೀನು ಅವನಿಗೆ ಏನಾಗಬೇಕು ಎಂದು ಕೇಳಿದರು. ಏನೂ ಆಗಬೇಕಿಲ್ಲ ಎಂದೆ. ಬಕೆಟ್ ಹಿಡಿದು ಹೋದೆ. ನೆಲ ಒರೆಸುವವಳನ್ನು ಯಾರೂ ತಡೆಯುವುದಿಲ್ಲ. ಅವನ ಮಂಚದ ಕೆಳಗಿನ ಒಂದೇ ಜಾಗವನ್ನು ಮೂರು ಸಲ ಒರೆಸಿದೆ. ಅವನ ಮೈಯಿಂದ ಸೋಪಿನ ವಾಸನೆ ಬರುತ್ತಿತ್ತು. ಮೊದಲ ಸಲ ನಾನು ಅವನಿಗೆ ಒಂದು ಮೊಳ ದೂರದಲ್ಲಿದ್ದೆ.

"ಅಕ್ಕಾ, ನನಗೇನೂ ನೆನಪಿಲ್ಲ" ಎಂದ. "ಆವತ್ತು ಬೆಳಿಗ್ಗೆ ಎದ್ದದ್ದೂ ನೆನಪಿಲ್ಲ. ಎದೆ ನೋವು ಅಂತ ಕೂಗಿದ್ನಂತೆ."

"ಯಾರು ಹೇಳಿದ್ದು?"

"ಆಫೀಸಿನೋರು. ಹಳೇ ಹೃದಯದ ಕಾಯಿಲೆ ಇತ್ತಂತೆ ನನಗೆ. ಚಿಕ್ಕಂದಿನಿಂದ."

"ಸುಳ್ಳು. ಕರೆಂಟು ಹೊಡೀತು. ಸ್ವಿಚ್ ಕೆಡವಿದ್ದು ನಾನು. ನಿನ್ನ ಕೈ ನೋಡ್ಕೊ."

ಅವನು ಅಂಗೈ ತೆರೆದು ನೋಡಿದ. ನಡುವೆ ಬೆಳ್ಳಗಿನ ಗುಂಡನೆಯ ಗಾಯ. ಮತ್ತೆ ಮುಚ್ಚಿಕೊಂಡ. "ಬಿಸಿ ಪೈಪು ತಾಗಿರ್ಬೇಕು ಅಂದ್ರು. ಸಹಿ ಹಾಕ್ಬಿಟ್ಟೆ ಅಕ್ಕಾ. ಹಾಕಿದ್ರೆ ಇಲ್ಲೇ ಬೇರೆ ಸಣ್ಣ ಕೆಲಸ ಕೊಡ್ತಾರಂತೆ. ಇನ್ನು ಗುಂಡಿ ಬೇಡವಂತೆ."

"ನಿನಗೆ ಬೇಡ. ಇನ್ನೊಬ್ಬನನ್ನ ಇಳಿಸ್ತಾರಲ್ಲ, ಅದೇ ವೈರಿಗೆ?"

ಅವನು ಗೋಡೆಯ ಕಡೆ ತಿರುಗಿ ಮಲಗಿದ. "ನೀವು ನೋಡಿದ್ದು ನಿಜ ಇರ್ಬಹುದು. ನನಗೆ ನೆನಪಿಲ್ವಲ್ಲ" ಎಂದ. ಅವನ ಪಾಲಿಗೆ ಅದೂ ನಿಜವೇ. ಆ ಹೊತ್ತು ಅವನೊಳಗೆ ಇರಲೇ ಇಲ್ಲ. ಅದು ಪೂರ್ತಿ ನನ್ನ ತಲೆಯಲ್ಲಿ ಮಾತ್ರ ಇತ್ತು. ಮುದುಕ ಹಗ್ಗ ಹಿಡಿಯಲು ಬಂದದ್ದು ಆಮೇಲೆ. ಸೂಪರ್‌ವೈಸರು ಬಾಯಿ ಬಿಡುವವನಲ್ಲ.

ಮಾರನೆಯ ದಿನ ಆಡಳಿತಾಧಿಕಾರಿಯ ಕೋಣೆಗೆ ಕರೆದರು. ಕುರ್ಚಿ ತೋರಿಸಿದರು. ಆ ಕುರ್ಚಿಯ ಕಾಲು ಒರೆಸಿದ್ದೆ, ಕೂತದ್ದು ಅದೇ ಮೊದಲು. ಮೇಜಿನ ಮೇಲೆ ಒಂದು ಟೈಪು ಮಾಡಿದ ಕಾಗದ.

"ತುಂಬಾ ಒಳ್ಳೆ ಕೆಲಸ ಮಾಡಿದೀಯಮ್ಮ" ಎಂದರು ಅಧಿಕಾರಿ. "ನಮ್ಮ ಆಸ್ಪತ್ರೆಗೇ ಹೆಮ್ಮೆ. ಸೋಮವಾರ ಹಜಾರದಲ್ಲಿ ನಿನಗೆ ಸನ್ಮಾನ. ಪೇಪರಿನವರೂ ಬರ್ತಾರೆ. ಇದಕ್ಕೊಂದು ಸಹಿ ಹಾಕು."

ನಾನು ಏಳನೇ ಕ್ಲಾಸು ಓದಿದವಳು. ಬೆರಳಿಟ್ಟು ಓದಿದೆ. ಬೀಳುವ ಮೊದಲು ಅವನು ಎದೆ ಹಿಡಿದುಕೊಂಡದ್ದನ್ನು ನಾನು ಕಂಡೆ ಎಂದಿತ್ತು. ಪಂಪಿನ ಸ್ವಿಚ್ ಆರಿತ್ತು ಎಂದಿತ್ತು. ಎಮರ್ಜೆನ್ಸಿ ಸಿಬ್ಬಂದಿ ತಕ್ಷಣ ನೆರವಿಗೆ ಬಂದರು ಎಂದಿತ್ತು.

"ಇದು ಆಗಿದ್ದಲ್ಲ ಸರ್."

"ಸಣ್ಣಪುಟ್ಟದ್ದು ಬಿಡಮ್ಮ. ಜೀವ ಉಳೀತಲ್ಲ, ಅದು ಮುಖ್ಯ."

"ಸ್ವಿಚ್ ಹಾಕಿದ್ದು ಸೂಪರ್‌ವೈಸರು. ಕೆಡವಿದ್ದು ನಾನು. ನಿಮ್ಮೋರು ತೊಳೆದುಕೊಂಡು ಬನ್ನಿ ಅಂದ್ರು."

ಅವರ ಮುಖ ಗಟ್ಟಿಯಾಯಿತು. "ಅದು ಹೃದಯದ ಕಾಯಿಲೆ. ಡಾಕ್ಟರು ಬರ್ಕೊಟ್ಟಿದಾರೆ. ನೀನು ಡಾಕ್ಟರಾ?"

"ಅಲ್ಲ ಸರ್. ಹೃದಯಾಘಾತ ಬೇರೆ, ತಾಳ ತಪ್ಪೋದು ಬೇರೆ. ನಿಮ್ಮ ಹಾಲಲ್ಲೇ ಹೇಳ್ಕೊಡ್ತಾರೆ. ನಾನು ಗೊಂಬೆ ಬಾಯಿ ಒರೆಸ್ತಾ ಕೇಳಿದೀನಿ."

"ಸಹಿ ಹಾಕದಿದ್ರೆ ಸನ್ಮಾನ ಇಲ್ಲ. ಬಹುಶಃ ಕೆಲಸನೂ ಇಲ್ಲ."

"ಹಾಕಲ್ಲ" ಎಂದೆ. ಕಾಗದವನ್ನು ಅವರ ಕಡೆಗೆ ತಳ್ಳಿದೆ.

ಸೋಮವಾರ ಸನ್ಮಾನ ನಡೆಯಿತು. ಹೂಗುಚ್ಛ ಕಾವಲಿನವನಿಗೆ. ಸರಿಯಾದ ಹೊತ್ತಿಗೆ ಷಾಕ್ ಮಿಷನ್ ಒದಗಿಸಿದ್ದಕ್ಕೆ. ಹಜಾರದ ಕಂಬದ ಮರೆಯಲ್ಲಿ ನಿಂತು ನೋಡಿದೆ. ಪಂಪುವನ್ನು ಹೊಸ ಅಂಗಿ ಹಾಕಿ ಮುಂದೆ ಕೂರಿಸಿದ್ದರು. ಅವನು ಎದ್ದು ನಿಂತು, ಆಸ್ಪತ್ರೆಯವರು ನನಗೆ ಮರುಹುಟ್ಟು ಕೊಟ್ಟರು ಎಂದ. ಕಣ್ಣು ನೆಲದ ಮೇಲಿತ್ತು. ಬೆಳಿಗ್ಗೆ ನಾನೇ ಒರೆಸಿದ ನೆಲ. ಜನ ಚಪ್ಪಾಳೆ ಹೊಡೆದರು. ನನ್ನ ಪಕ್ಕದಲ್ಲಿ ಯಾರೂ ಇರಲಿಲ್ಲ. ಇಷ್ಟು ವರ್ಷ ಒಬ್ಬಳೇ ಇದ್ದೆ, ಆದರೆ ಅಷ್ಟು ಒಬ್ಬಳೇ ಎಂದೂ ಇರಲಿಲ್ಲ.

ಹಿಂದುಗಡೆಗೆ ಹೋದೆ. ಗುಂಡಿ ಮತ್ತೆ ತುಂಬಿತ್ತು. ನಲವತ್ತು ದಾಟಿದ ಹೊಸಬನೊಬ್ಬ ಸೊಂಟಕ್ಕೆ ಹಗ್ಗ ಕಟ್ಟಿಕೊಳ್ಳುತ್ತಿದ್ದ. ಸೂಪರ್‌ವೈಸರು ಪಕ್ಕದಲ್ಲಿದ್ದ. ವೈರು ಅದೇ. ಸಿಪ್ಪೆ ಬಿಚ್ಚಿದ ಕಡೆ ಕಪ್ಪು ಟೇಪು ಸುತ್ತಿದ್ದರು. ಟೇಪಿನ ತುದಿ ಆಗಲೇ ಎದ್ದಿತ್ತು.

ಗೋಡೆಯ ಪ್ಲಗ್ ಕಿತ್ತೆ. ಮುದುಕನ ತಳ್ಳುಗಾಡಿಯಿಂದ ಕೊಂಬೆ ಕತ್ತರಿಸುವ ದೊಡ್ಡ ಕತ್ತರಿ ಎತ್ತಿಕೊಂಡೆ. ಅವನು ನೋಡಿದ, ತಡೆಯಲಿಲ್ಲ. ವೈರನ್ನು ಕತ್ತರಿಸಿದೆ. ಮತ್ತೆ ಕತ್ತರಿಸಿದೆ. ಕೂಡಿಸಲು ಬಾರದಷ್ಟು ತುಂಡು ಮಾಡಿದೆ.

"ಏಯ್, ಹುಚ್ಚು ಹಿಡೀತಾ ನಿನಗೆ!" ಎಂದು ಸೂಪರ್‌ವೈಸರು ನುಗ್ಗಿದ. ನಾನು ಗುಂಡಿಯ ಕಬ್ಬಿಣದ ಮುಚ್ಚಳ ಎಳೆದು ಹಾಕಿ ಅದರ ಮೇಲೆ ಕೂತೆ.

"ಏಳು ಮೇಲೆ!"

"ಹೊಸ ವೈರು ತನ್ನಿ. ಏಳ್ತೀನಿ."

"ಪೊಲೀಸ್ ಕರೀತೀನಿ."

"ಕರೀರಿ. ಅವರೂ ನೋಡ್ಲಿ ಈ ತುಂಡುಗಳನ್ನ. ಅವರಿಗೂ ಹೇಳ್ತೀನಿ ಇದು ಯಾಕೆ ಅಂತ."

ಅವನು ಪೊಲೀಸರನ್ನು ಕರೆಯಲಿಲ್ಲ. ನನ್ನ ರಟ್ಟೆ ಹಿಡಿದು ಎಬ್ಬಿಸಲು ಕೈ ಚಾಚಿದ. ನನ್ನ ಮೈಗೆ ಗುಂಡಿಯ ಲೋಳೆ ಹತ್ತಿತ್ತು. ಕೈ ಹಿಂದಕ್ಕೆ ಹೋಯಿತು.

ಹೊಸಬ ಅಲ್ಲೇ ನಿಂತಿದ್ದ. "ಒಳಗೆ ಕರೆಂಟ್ ಹೊಡೀತಿತ್ತಾ?" ಎಂದು ಕೇಳಿದ.

"ಹೂಂ. ಒಬ್ಬ ಸತ್ತು ಬದುಕಿದ."

"ನನಗ್ಯಾರೂ ಹೇಳ್ಲಿಲ್ಲ" ಎಂದ. ಸೊಂಟದ ಹಗ್ಗ ಬಿಚ್ಚಿ ನೆಲದ ಮೇಲಿಟ್ಟು ಗೇಟಿನ ಕಡೆ ನಡೆದುಹೋದ. ನನ್ನ ಮುಖ ಸರಿಯಾಗಿ ನೋಡಲೂ ಇಲ್ಲ. ಮುದುಕ ತಳ್ಳುಗಾಡಿ ತಳ್ಳಿಕೊಂಡು ಮುಂದಿನ ಪಾತಿಗೆ ಹೋದ.

ಬಿಸಿಲು ಗೋಡೆಯಿಂದ ನನ್ನ ಮೇಲೆ ಬಂತು. ಆಮೇಲೆ ನನ್ನನ್ನು ದಾಟಿ ಹೋಯಿತು. ಊಟದ ಹೊತ್ತು ಮುಗಿಯಿತು. ಕೊಳೆ ನೀರು ಮೇಲೇರಿ ಮುಚ್ಚಳದ ಅಂಚಿನಿಂದ ಜಿನುಗಿತು. ಅಂಗಳಕ್ಕೆ ಹರಿಯಿತು. ಎಮರ್ಜೆನ್ಸಿಯ ಬಾಗಿಲಿನವರೆಗೆ ಹರಿಯಿತು. ಒಳಗಿನವರು ಬಾಗಿಲು ತೆರೆದು ನೋಡಿ ಮೂಗು ಹಿಡಿದು ಫೋನು ಮಾಡತೊಡಗಿದರು. ಆ ಫೋನುಗಳಿಗೆ ಬೆಲೆಯಿತ್ತು. ನಾಲ್ಕು ಗಂಟೆಗೆ ಸೂಪರ್‌ವೈಸರು ಹೊಸ ವೈರಿನ ಸುರುಳಿ ತಂದು ನನ್ನ ಮುಂದೆ ಎಸೆದ.

"ಸಾಕಾ? ನಾಳೆಯಿಂದ ಬರಬೇಡ."

ಸುರುಳಿ ಬಿಚ್ಚಿದೆ. ಒಂದು ತುದಿಯಿಂದ ಇನ್ನೊಂದು ತುದಿಯವರೆಗೆ, ಒಂದು ಗೇಣೂ ಬಿಡದೆ, ಬೆರಳಲ್ಲಿ ತಡವಿ ನೋಡಿದೆ. ಅವನು ಗಡಿಯಾರ ನೋಡುತ್ತ ನಿಂತಿದ್ದ. ನಾನು ಅವಸರ ಮಾಡಲಿಲ್ಲ. ಎಲ್ಲೂ ಗೀರಿರಲಿಲ್ಲ.

"ಸಾಕು" ಎಂದೆ.

ಏಳಲು ಹೋದರೆ ಮಂಡಿ ಹಿಡಿದುಕೊಂಡಿತ್ತು. ಯಾರೂ ಕೈ ಕೊಡಲಿಲ್ಲ. ನೆಲಕ್ಕೆ ಅಂಗೈ ಊರಿ ಎದ್ದೆ.